ರಾಗಿಗೆ ವೀಸಾ ಕೇಳಿದವರಿಲ್ಲ

ಬಸವೇಶ್ವರನಗರದ ಯಾವುದಾದರೂ ಹಳೇ ಕಾಲದ ಮನೆಯ ಅಡುಗೆಮನೆಗೆ ಹೋಗಿ ಡಬ್ಬಗಳ ಮುಚ್ಚಳ ತೆಗೆದು ನೋಡಿ. ಮೊದಲನೆಯದರಲ್ಲಿ ರಾಗಿ ಹಿಟ್ಟು. ಇಥಿಯೋಪಿಯಾ, ಉಗಾಂಡಾ ಕಡೆಯ ಬೆಟ್ಟದ ಸೀಮೆಯಲ್ಲಿ ಹುಟ್ಟಿ, ಸಾವಿರಾರು ವರ್ಷಗಳ ಹಿಂದೆ ಇಲ್ಲಿಗೆ ಬಂದು ಬೇರುಬಿಟ್ಟ ಧಾನ್ಯ. ಅದರ ಪಕ್ಕದ ಡಬ್ಬದಲ್ಲಿರುವ ಜೋಳದ ತವರು ಸುಡಾನ್ ಸುತ್ತಿನ ಬಯಲು. ಅಲಸಂದೆ ಕಾಳು ಆಫ್ರಿಕಾದ್ದು. ಸಾರಿಗೆ ಹಿಂಡುವ ಹುಣಸೆಹಣ್ಣು ಆಫ್ರಿಕಾದ್ದು. ಡಿಸೆಂಬರ್ ಬಂತೆಂದರೆ ಇಡೀ ಬೀದಿಗೆ ಸೊಗಡು ಹಬ್ಬಿಸುವ ಅವರೆಕಾಯಿ, ಯಾವ ಅವರೆಗಾಗಿ ವಿಶ್ವೇಶ್ವರಪುರದಲ್ಲಿ ಮೇಳವನ್ನೇ ಕಟ್ಟುತ್ತೇವೋ ಆ ಅವರೆ, ಅದರ ಕಾಡುಮೂಲವೂ ಆಫ್ರಿಕಾವೇ. ಫಿಲ್ಟರಿನಲ್ಲಿ ತೊಟ್ಟಿಕ್ಕುತ್ತಿರುವ ಡಿಕಾಕ್ಷನ್ ಇಥಿಯೋಪಿಯಾದಲ್ಲಿ ಹುಟ್ಟಿ, ಯೆಮನ್ ದಾಟಿ, ಬಾಬಾಬುಡನರ ಜೋಳಿಗೆಯಲ್ಲಿ ಚಿಕ್ಕಮಗಳೂರಿನ ಬೆಟ್ಟ ಹತ್ತಿತೆಂಬುದು ಎಲ್ಲರಿಗೂ ಗೊತ್ತಿರುವ ಕತೆ. ಮನೆಯವರು ಮಾಂಸ ಮೀನು ತಿನ್ನುವವರಾದರೆ ಭಾನುವಾರ ಜಿಲೇಬಿ ಮೀನು ತಂದಿರುತ್ತಾರೆ. ಅದು ಮೊಜಾಂಬಿಕ್ ಕಡೆಯದು, ಭಾರತಕ್ಕೆ ಬಂದದ್ದು 1952ರಲ್ಲಿ. ಗೇಟಿನ ಮುಂದೆ ಏಪ್ರಿಲ್‌ನಲ್ಲಿ ಕೆಂಪಗೆ ಉರಿಯುವ ಗುಲ್‌ಮೊಹರ್ ಮರವೋ, ಮಡಗಾಸ್ಕರ್‌ನದು.

ಇಷ್ಟೆಲ್ಲ ವಲಸಿಗರನ್ನು ಹೊಟ್ಟೆಯಲ್ಲಿಟ್ಟುಕೊಂಡು, ಅವರದೇ ನೆರಳಲ್ಲಿ ಕುರ್ಚಿ ಹಾಕಿಕೊಂಡು ಕೂತು, ಮನೆಯ ಯಜಮಾನರು ತೇಗಿ ಹೇಳುತ್ತಾರೆ: "ಏನೇ ಹೇಳಿ, ಈ ಆಫ್ರಿಕನ್ಸ್‌ನ ಮಾತ್ರ ಏರಿಯಾಗೆ ಸೇರಿಸಬಾರದು ಸಾರ್."

ಮಂಡ್ಯದ ವಿ.ಸಿ. ಫಾರಂನಲ್ಲಿ ಲಕ್ಷ್ಮಣಯ್ಯ ಎಂಬ ವಿಜ್ಞಾನಿ ಇದ್ದರು. ರಾಗಿ ಲಕ್ಷ್ಮಣಯ್ಯ ಎಂದೇ ಹಳೇ ಮೈಸೂರಿನ ರೈತರಿಗೆ ಪರಿಚಿತರು. ಅವರು ನಮ್ಮ ರಾಗಿಗೂ ಆಫ್ರಿಕಾದ ರಾಗಿಗೂ ಸಂಬಂಧ ಕುದುರಿಸಿ ಇಂಡಾಫ್ ಎಂಬ ತಳಿಗಳನ್ನೇ ಹುಟ್ಟಿಸಿದರು. ಜಾತಕ ಕೇಳಲಿಲ್ಲ, ಗೋತ್ರ ಕೇಳಲಿಲ್ಲ, ಹುಡುಗಿ ಬಣ್ಣ ಹೇಗೆ ಅಂತಲೂ ಕೇಳಲಿಲ್ಲ. ತೆನೆ ಎಷ್ಟು ತೂಗುತ್ತದೆ ಅಂತ ನೋಡಿದರು, ಅಷ್ಟೇ. ಇಳುವರಿ ಏರಿತು, ಕಣಜ ತುಂಬಿತು. ಬೆಂಗಳೂರಿನ ಸುತ್ತ ಮುದ್ದೆ ಉಂಡು ಬೆಳೆದ ಒಂದು ಇಡೀ ತಲೆಮಾರಿನ ಮೈಯಲ್ಲಿ ಈ ಬೆರಕೆಯ ಬಲವಿದೆ. ಆ ತಲೆಮಾರು ಈಗ ಪಿಂಚಣಿ ತೆಗೆದುಕೊಳ್ಳುತ್ತಾ, ಮೇಲ್ಮನೆಯನ್ನು ಬಾಡಿಗೆಗೆ ಕೊಡುತ್ತಾ ಕೂತಿದೆ.

ಈ ತಲೆಮಾರಿಗೆ ಜನಾಂಗದ್ವೇಷವೆಂದರೆ ಆಗದು, ಅದನ್ನು ಖಚಿತವಾಗಿ ಹೇಳಬಲ್ಲೆ. ಹೊರದೇಶದಲ್ಲಿ ನಡೆದರೆ ಕಣ್ಣೀರೇ ಬರುತ್ತದೆ. ವಿಜಯನಗರದ ಗೆಳೆಯರೊಬ್ಬರ ಮನೆಯಲ್ಲಿ, ಹತ್ತು ಹನ್ನೆರಡು ಜನ ಸೇರಿ, ಒಂದು ಫ್ರೆಂಚ್ ಕಾಮಿಡಿ ಸಿನಿಮಾ ನೋಡಿದೆವು. 2016ರದು, ಜೂಲಿಯನ್ ರಾಂಬಾಲ್ಡಿ ನಿರ್ದೇಶನ, ಇಂಗ್ಲಿಷಿನಲ್ಲಿ 'ದಿ ಆಫ್ರಿಕನ್ ಡಾಕ್ಟರ್' ಅಂತ ಹೆಸರು. ನಡೆದ ಕತೆಯೇ ಅದು. ಸೆಯೊಲೊ ಜಾಂಟೊಕೊ ಎಂಬ ಝೈರ್ ದೇಶದ ಮನುಷ್ಯ ಫ್ರಾನ್ಸಿನ ಲೀಲ್‌ನಲ್ಲಿ ವೈದ್ಯಕೀಯ ಓದಿ, 1975ರಲ್ಲಿ ಉತ್ತರ ಫ್ರಾನ್ಸಿನ ಮಾರ್ಲಿ-ಗೊಮೊಂ ಎಂಬ ಹಳ್ಳಿಗೆ ಡಾಕ್ಟರಾಗಿ ಹೋಗುತ್ತಾನೆ. ನಮ್ಮ ಹೋಬಳಿ ಕೇಂದ್ರಕ್ಕಿಂತ ಚಿಕ್ಕ ಊರು. ಮಳೆ, ಕೆಸರು, ದನ. ಫ್ರಾನ್ಸ್ ಅಂದರೆ ಪ್ಯಾರಿಸ್ ಅಂದುಕೊಂಡು ಸಿಂಗರಿಸಿಕೊಂಡು ಬಂದ ಹೆಂಡತಿ ಆ ಕೆಸರಿಗೆ ಇಳಿದಾಗಲೇ ಅರ್ಧ ಸಿನಿಮಾ ಗೊತ್ತಾಗಿಬಿಡುತ್ತದೆ. ಊರಿಗೆ ಡಾಕ್ಟರೇ ಇಲ್ಲ. ಆದರೂ ಈ ಡಾಕ್ಟರ ಹತ್ತಿರ ಯಾರೂ ಬರುವುದಿಲ್ಲ. ಜ್ವರ ಹಿಡಿದವರು ಪಕ್ಕದೂರಿಗೆ ಹೋಗುತ್ತಾರೆ, ಇಲ್ಲ ಜ್ವರದ ಜೊತೆಗೇ ಇರುತ್ತಾರೆ. ಕಪ್ಪು ಕೈ ಮುಟ್ಟುವುದಕ್ಕಿಂತ ಕೆಮ್ಮೇ ವಾಸಿ.

ನಾವೆಲ್ಲ ಬಿದ್ದು ಬಿದ್ದು ನಕ್ಕೆವು. "ಎಂಥಾ ಗೊಡ್ಡು ಜನ ನೋಡ್ರೀ" ಅಂದರು ಒಬ್ಬರು. "ಹೆಸರಿಗೆ ಫ್ರಾನ್ಸು, ಬುದ್ಧಿ ಹಳ್ಳಿ ಗಮಾರರದ್ದು" ಅಂದರು ಇನ್ನೊಬ್ಬರು. ಹಳ್ಳಿ ಗಮಾರರು ಅಂದವರು ಹುಟ್ಟಿದ್ದು ಮಾಗಡಿ ತಾಲ್ಲೂಕಿನಲ್ಲಿ, ಅದು ಬಿಡಿ. ಸಿನಿಮಾದ ನಡುವೆ ಆ ವಿಜಯನಗರದ ಗೆಳೆಯರ ಮಗಳು ಬಂದು ಕೂತಳು, ಎಂಬಿಎ ಹುಡುಗಿ, ಅಪ್ಪನ ಹಾಗೆ ಎಣ್ಣೆಗೆಂಪು ಬಣ್ಣ. ಅವಳಮ್ಮ ತಕ್ಷಣ, "ಬಿಸಿಲಲ್ಲಿ ಸುತ್ತಿ ಸುತ್ತಿ ಎಷ್ಟು ಕಪ್ಪಾಗಿದೀಯ ನೋಡು, ನಾಳೆ ಬರೋ ಗಂಡಿನ ಕಡೆಯವರು ಏನಂತಾರೆ?" ಅಂದರು. ಪರದೆಯ ಮೇಲೆ ಆಗ ಫ್ರೆಂಚ್ ಮುದುಕಿಯೊಬ್ಬಳು ಡಾಕ್ಟರನ್ನು ಕಂಡು ಬಾಗಿಲು ಹಾಕಿಕೊಳ್ಳುತ್ತಿದ್ದಳು. ಎಲ್ಲರೂ ಮುದುಕಿಯನ್ನು ಕಂಡು ನಕ್ಕರು.

ಜಾಂಟೊಕೊ ಆ ಹಳ್ಳಿಗೆ ಕಾಲಿಟ್ಟ 1975ರಲ್ಲೇ ನಮ್ಮಲ್ಲಿ ಫೇರ್ ಅಂಡ್ ಲವ್ಲಿ ಮಾರುಕಟ್ಟೆಗೆ ಬಂತು. ಕಾಕತಾಳೀಯವೇ, ಒಪ್ಪುತ್ತೇನೆ. ಆದರೂ ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿದರೆ ಖುಷಿಯಾಗುತ್ತದೆ. ಅಲ್ಲಿ ಒಬ್ಬ ಕಪ್ಪು ಮನುಷ್ಯ ವರ್ಷಗಟ್ಟಲೆ ಹೆಣಗಿ ಬಿಳಿಯರ ಮನ ಗೆದ್ದ. ಇಲ್ಲಿ ಕಂದು ಬಣ್ಣದ ಕೋಟ್ಯಂತರ ಜನ ಟ್ಯೂಬು ಹಿಂಡಿಕೊಂಡು ಕನ್ನಡಿಯ ಮನ ಗೆಲ್ಲಲು ಹೊರಟರು. ಆ ಹಳ್ಳಿಯ ಪಾಠ ಕೆಲವು ವರ್ಷಗಳಲ್ಲಿ ಮುಗಿಯಿತು. ಅದೇ ಡಾಕ್ಟರ ಮಗ ಕಮಿನಿ 2006ರಲ್ಲಿ ಆ ಊರಿನ ಹೆಸರಿನಲ್ಲೇ ಒಂದು ರ‍್ಯಾಪ್ ಹಾಡು ಮಾಡಿ ಊರನ್ನು ದೇಶಕ್ಕೆಲ್ಲ ಪರಿಚಯಿಸಿದ. ನಮ್ಮ ಕ್ರೀಮು 2020ರಲ್ಲಿ ಹೆಸರಿನಿಂದ 'ಫೇರ್' ತೆಗೆದು 'ಗ್ಲೋ' ಹಾಕಿಕೊಂಡಿತು. ಟ್ಯೂಬು ಅದೇ, ಕನ್ನಡಿಯೂ ಅದೇ.

ನಮ್ಮಜ್ಜಂದಿರಿಗೆ ಈ ರೋಗ ಇಷ್ಟು ಇರಲಿಲ್ಲವೇನೋ. ಮಗ ಹುಟ್ಟಿದರೆ ಕರಿಯಪ್ಪ ಅಂತಲೋ ಕರಿಗೌಡ ಅಂತಲೋ ಧೈರ್ಯವಾಗಿ ಕೂಗಿ ಕರೆದರು, ಕರಿಬಸವೇಶ್ವರನಿಗೆ ಗುಡಿ ಕಟ್ಟಿದರು. ಮೊಮ್ಮಕ್ಕಳು ಬಸವೇಶ್ವರನ ಹೆಸರಿನ ಬಡಾವಣೆಯಲ್ಲಿ ಸೈಟು ಮಾಡಿ 'ಕರಿ'ಯನ್ನು ಊರಲ್ಲೇ ಬಿಟ್ಟು ಬಂದರು.

ಸಿನಿಮಾ ನೋಡಿದ ಮೇಲೆ ಚರ್ಚೆಯಾಗದಿದ್ದರೆ ಹೇಗೆ? ವಸಾಹತುಶಾಹಿಯ ವಿಷಯ ಬಂತು. ಆ ಡಾಕ್ಟರ ಝೈರ್ ದೇಶವೇ ಆದ ಕಾಂಗೋವನ್ನು ಬೆಲ್ಜಿಯಂನ ರಾಜ ಎರಡನೇ ಲಿಯೊಪೋಲ್ಡ್ 1885ರಿಂದ 1908ರವರೆಗೆ ಸ್ವಂತ ಜಮೀನಿನಂತೆ ಇಟ್ಟುಕೊಂಡು ರಬ್ಬರಿಗಾಗಿ ಜನರ ಕೈ ಕಡಿಸಿದ ಕತೆಯನ್ನು ಒಬ್ಬರು ಹೇಳಿದರು. ಎಲ್ಲರೂ ಲೊಚಗುಟ್ಟಿದರು. ರಾಜಾಜಿನಗರದಿಂದ ಬಂದಿದ್ದವರೊಬ್ಬರು, "ನಮಗೂ ಅವರಿಗೂ ಒಂದೇ ಕಷ್ಟ ಸಾರ್, ಇಬ್ಬರೂ ಬಿಳಿಯರ ಕೈಲಿ ನರಳಿದವರು" ಅಂದರು. ಅವರ ಬಡಾವಣೆಗೆ ದೇಶದ ಕೊನೆಯ ಗವರ್ನರ್ ಜನರಲ್ ಹೆಸರು. ಆ ಹುದ್ದೆಗೇರಿದ ಏಕೈಕ ಭಾರತೀಯ ರಾಜಾಜಿ ಎಂಬುದು ನಿಜ. ಆದರೂ ಕುರ್ಚಿ ಬ್ರಿಟಿಷರದ್ದೇ. ನಮ್ಮ ವಸಾಹತು ವಿರೋಧ ಹಾಗೇ: ಕುರ್ಚಿ ಬಿಡುವುದಿಲ್ಲ, ಕೂತವನ ಬಣ್ಣ ಬದಲಾದರೆ ಸಾಕು.

ಆದರೆ ಆಫ್ರಿಕಾದ ವಿಷಯದಲ್ಲಿ ನಮ್ಮ ಕೈ ಅಷ್ಟೇನೂ ತೊಳೆದದ್ದಲ್ಲ. ವಿಜಯನಗರ ಎಂದು ಎದೆಯುಬ್ಬಿಸಿ ಹೇಳುವ ನಾವು ಆ ಸಾಮ್ರಾಜ್ಯದ ಕುದುರೆ ವ್ಯಾಪಾರವನ್ನೂ ನೆನೆಯಬೇಕು. ಕುದುರೆ ತಂದುಕೊಡುತ್ತಿದ್ದವರು ಪೋರ್ಚುಗೀಸರು. 1510ರಲ್ಲಿ ಅಲ್ಬುಕರ್ಕ್‌ಗೆ "ಗೋವಾ ಹಿಡಿಯಿರಿ, ನಾನಿದ್ದೇನೆ" ಅಂತ ಹುರಿದುಂಬಿಸಿ ಹಡಗು ಜನ ಕೊಟ್ಟವನು ನಮ್ಮ ಹೊನ್ನಾವರದ ತಿಮ್ಮಯ್ಯ. ಪೋರ್ಚುಗೀಸರ ಬಾಯಲ್ಲಿ ತಿಮೋಜ. ಗೋವಾ ಬಿತ್ತು. ಮುಂದೆ ಆಫ್ರಿಕಾದ ಪೂರ್ವ ಕರಾವಳಿಯಿಂದ ಜನರನ್ನು ಹಿಡಿದು ತಂದು ಗೋವಾದಲ್ಲಿ ಗುಲಾಮರಾಗಿ ಮಾರಿದರು. ಅವರಲ್ಲಿ ತಪ್ಪಿಸಿಕೊಂಡವರು, ಬಿಡುಗಡೆಯಾದವರು ಘಟ್ಟದ ಕಾಡಿಗೆ ನುಗ್ಗಿದರು. ಇವತ್ತಿನ ಯಲ್ಲಾಪುರ, ಹಳಿಯಾಳ, ಮುಂಡಗೋಡ, ಅಂಕೋಲಾ ಸೀಮೆಯ ಸಿದ್ದಿಗಳಲ್ಲಿ ಬಹುಪಾಲಿನವರ ಕತೆ ಇಲ್ಲಿಂದ ಶುರುವಾಗುತ್ತದೆ. ಗುಲಾಮರ ಬಂದರಿಗೆ ದಾರಿ ತೋರಿಸಿದವನೂ ಉತ್ತರ ಕನ್ನಡದವನು, ತಪ್ಪಿಸಿಕೊಂಡವರಿಗೆ ಮರೆ ಕೊಟ್ಟ ಕಾಡೂ ಉತ್ತರ ಕನ್ನಡದ್ದು. ಒಂದೇ ಜಿಲ್ಲೆಯಲ್ಲಿ ಎಲ್ಲ ಮುಗಿಯಿತು.

ಅದೇ ಪೋರ್ಚುಗೀಸರು ತಂದ ಇನ್ನೊಂದು ಸರಕು ಮೆಣಸಿನಕಾಯಿ. ಪರಂಗಿ ಹಣ್ಣು, ಸೀಬೆ, ಗೋಡಂಬಿ, ಅನಾನಸೂ ಬಂದವು. ಮೆಣಸಿನಕಾಯಿಯನ್ನು ನಾವು ಎಷ್ಟು ಬೇಗ ನಮ್ಮದಾಗಿಸಿಕೊಂಡೆವೆಂದರೆ ಇವತ್ತು ಬ್ಯಾಡಗಿಗೆ ಭೌಗೋಳಿಕ ಗುರುತಿನ ಸರ್ಟಿಫಿಕೇಟೇ ಇದೆ, ಈ ಮಣ್ಣಿನದು ಅಂತ. ಒಂದೇ ಹಡಗಿನ ದಾರಿಯಲ್ಲಿ ಬಂದವರು ಇಬ್ಬರೂ. ಮೆಣಸಿನಕಾಯಿ ಬ್ಯಾಡಗಿಯದಾಯಿತು. ಮನುಷ್ಯನನ್ನು ಮಾತ್ರ ವಿಜಯನಗರ ಮೆಟ್ರೊ ಸ್ಟೇಷನ್ ಮುಂದೆ ನಿಂತ ಆಟೋದವನು "ಯೆಸ್ ಬ್ರೋ, ವೇರ್ ಗೋ? ಫೈವ್ ಹಂಡ್ರೆಡ್" ಅಂತ ಕೇಳುತ್ತಾನೆ. "ಕೆಂಗೇರಿ ಉಪನಗರ ಅಣ್ಣಾ, ಮೀಟರ್ ಹಾಕು" ಅಂತ ಉತ್ತರ ಬಂದಾಗ ಆಟೋದವನ ಮುಖ ನೋಡಬೇಕು. ಬ್ಯಾಡಗಿ ಮೆಣಸಿನಕಾಯಿ ಮಾತಾಡಿದ್ದರೂ ಅಷ್ಟು ಬೆಚ್ಚಿಬೀಳುತ್ತಿರಲಿಲ್ಲ.

ಹಾಗಂತ ಇತಿಹಾಸದುದ್ದಕ್ಕೂ ಹೀಗೇ ಇತ್ತು ಅನ್ನಬೇಡಿ. ಹದಿನೇಳನೇ ಶತಮಾನದಲ್ಲಿ ಮುಹಮ್ಮದ್ ಆದಿಲ್ ಶಾಹನ ಕಾಲಕ್ಕೆ ಬಿಜಾಪುರದ ಪ್ರಧಾನಿಯಾಗಿ ರಾಜ್ಯಭಾರ ನಡೆಸಿದವನು ಇಖ್ಲಾಸ್ ಖಾನ್, ಆಫ್ರಿಕಾ ಮೂಲದ ಹಬ್ಶಿ. ಅವನ ಚಿತ್ರಗಳು ಇವತ್ತಿಗೂ ಇವೆ: ಜರಿಯ ನಿಲುವಂಗಿ, ಸೊಂಟಕ್ಕೆ ಕತ್ತಿ, ಯಾರಿಗೂ ಬಗ್ಗದ ನಿಲುವು. ನಮ್ಮ ಉತ್ತರ ಕರ್ನಾಟಕದ ಬಹುಭಾಗ ಅವನ ಮಾತು ಕೇಳುತ್ತಿತ್ತು. ಆ ಮನುಷ್ಯ ಇವತ್ತು ಬಂದು ಬಸವೇಶ್ವರನಗರದಲ್ಲಿ ಎರಡು ಬೆಡ್‌ರೂಮಿನ ಮನೆ ಕೇಳಿದರೆ ಹತ್ತು ತಿಂಗಳ ಅಡ್ವಾನ್ಸಿನ ಮಾತಿಗೂ ಮೊದಲೇ ಗೇಟು ಹಾಕಿಕೊಳ್ಳುತ್ತದೆ.

ಅಲ್ಲಿ ಹಾವನೂರು ಸರ್ಕಲ್ ಅಂತ ಒಂದಿದೆ. ಎಲ್.ಜಿ. ಹಾವನೂರರ ಹೆಸರು. ದೇವರಾಜ ಅರಸರ ಕಾಲದಲ್ಲಿ ಹಿಂದುಳಿದ ವರ್ಗಗಳ ಆಯೋಗದ ಅಧ್ಯಕ್ಷರಾಗಿ, ಯಾರಿಗೆ ಬಾಗಿಲು ಮುಚ್ಚಿದೆ, ಯಾಕೆ ಮುಚ್ಚಿದೆ ಅಂತ ರಾಜ್ಯವೆಲ್ಲ ಅಲೆದು 1975ರಲ್ಲಿ ವರದಿ ಕೊಟ್ಟವರು. (ಮತ್ತದೇ 1975, ಬೇಕಂತಲೇ ಹುಡುಕಿದ್ದಲ್ಲ.) ಆ ಸರ್ಕಲ್ಲಿನಿಂದ ಕೂಗಳತೆಯಲ್ಲಿ ಒಂದು ಮನೆ ಖಾಲಿಯಿದೆ ಅಂದುಕೊಳ್ಳಿ. ಮುಂದಿನದನ್ನು ನಾಟಕವೆಂದೇ ಓದಿ. ಪಾತ್ರಗಳು ನನ್ನ ಕಲ್ಪನೆಯವು. ಮಾತುಗಳು ಬೀದಿಯಲ್ಲಿ ದಿನವೂ ಬಿದ್ದಿರುವಂಥವು.

ಬ್ರೋಕರ್ ಒಂದು ಜೋಡಿಯನ್ನು ಕರೆದು ತರುತ್ತಾನೆ. ಗಂಡ ಆಸ್ಪತ್ರೆಯಲ್ಲಿ ನರ್ಸು, ಹೆಂಡತಿ ಅಂಗನವಾಡಿ ಟ್ರೈನಿಂಗ್ ಮುಗಿಸಿದವಳು, ಸೊಂಟದ ಮೇಲೊಂದು ಮಗು. ಯಜಮಾನರು ಗೇಟಿನೊಳಗೆ ನಿಂತೇ ಕನ್ನಡಕ ಸರಿಮಾಡಿಕೊಳ್ಳುತ್ತಾರೆ. ಪತ್ನಿ ತುಳಸಿ ಕಟ್ಟೆಯ ಹತ್ತಿರ.

"ಹಲೋ. ವಿಚ್ ಕಂಟ್ರಿ?"

"ಯಲ್ಲಾಪುರ ತಾಲ್ಲೂಕು ಸರ್."

"ಓಹ್. ಈಸ್ ಇಟ್ ನಿಯರ್ ನೈಜೀರಿಯಾ?"

"ಅಲ್ಲ ಸರ್, ಮುಂಡಗೋಡದ ಹತ್ರ."

ಯಜಮಾನರು ಬ್ರೋಕರ್ ಮುಖ ನೋಡುತ್ತಾರೆ. ಬ್ರೋಕರ್ ಗುಲ್‌ಮೊಹರ್ ಮರ ನೋಡುತ್ತಾನೆ.

"ಏನ್ರೀ, ಕನ್ನಡ ಎಷ್ಟು ಚೆನ್ನಾಗಿ ಕಲ್ತಿದಾರೆ ನೋಡಿ!" ಅಂತ ತುಳಸಿ ಕಟ್ಟೆಯಿಂದ ದನಿ. "ಎಷ್ಟು ದಿನ ಆಯ್ತಮ್ಮಾ ಈ ಕಡೆ ಬಂದು?"

"ನಾಕು ನೂರು ವರ್ಷ ಆಗಿರ್ಬೇಕು ಅಮ್ಮೋರೆ."

"ಅಲ್ಲ, ಒರಿಜಿನಲ್ ಊರು ಯಾವ್ದು?" ಇದು ಯಜಮಾನರು.

"ಅದೇ ಸರ್. ಅಜ್ಜನ ಮನೆ ಅಲ್ಲೇ, ಅಜ್ಜನ ಅಜ್ಜನ ಮನೆಯೂ ಅಲ್ಲೇ."

"ಅದಕ್ಕೂ ಮುಂಚೆ?"

"ನಿಮ್ಮದು ಯಾವೂರು ಸರ್?"

"ನಮ್ಮದು ಕಣ್ರೀ... ಹುಣಸೂರು ಕಡೆ. ಎಪ್ಪತ್ತೆಂಟರಲ್ಲಿ ಇಲ್ಲಿ ಸೈಟ್ ಸಿಕ್ತು, ಬಂದ್ವಿ."

"ಅದಕ್ಕೂ ಮುಂಚೆ ಸರ್?"

ಯಜಮಾನರಿಗೆ ಒಳಗೆ ಫೋನ್ ಬಂದ ಹಾಗಾಗುತ್ತದೆ. ಹೋಗಿ ಬಂದವರು ಗೂಗಲ್ಲಿನಲ್ಲಿ ಏನೋ ನೋಡಿಕೊಂಡು ಬಂದಿದ್ದಾರೆ. "ನೋಡಿ, ನನಗೇನೂ ಅಭ್ಯಂತರ ಇಲ್ಲ. ಆದ್ರೆ ಫಾರಿನರ್ಸ್‌ಗೆ ಮನೆ ಕೊಟ್ರೆ ಇಪ್ಪತ್ನಾಲ್ಕು ಗಂಟೆ ಒಳಗೆ ಫಾರ್ಮ್ ಸಿ ತುಂಬಬೇಕು. ಪಾಸ್‌ಪೋರ್ಟ್ ಕೊಡಿ."

"ಪಾಸ್‌ಪೋರ್ಟ್ ಇಲ್ಲ ಸರ್. ಎಲ್ಲೂ ಹೋಗ್ಲಿಲ್ಲ. ಆಧಾರ್ ಇದೆ, ರೇಷನ್ ಕಾರ್ಡ್ ಇದೆ, ವೋಟರ್ ಕಾರ್ಡ್ ಇದೆ."

"ಪಾಸ್‌ಪೋರ್ಟೇ ಇಲ್ದೆ ಹೆಂಗ್ರೀ ಇಂಡಿಯಾ ಒಳಗೆ ಬಿಟ್ರು?"

ಈ ಪ್ರಶ್ನೆಗೆ ಬ್ರೋಕರ್ ಕೂಡ ಮರದಿಂದ ಕಣ್ಣು ಕಿತ್ತು ಯಜಮಾನರನ್ನು ನೋಡುತ್ತಾನೆ. ಪಾಪ, ಯಜಮಾನರು ಕೆಟ್ಟವರಲ್ಲ. ಮೊನ್ನೆಯಷ್ಟೇ ಅಂಗಡಿ ಬೋರ್ಡುಗಳಲ್ಲಿ ಅರವತ್ತು ಪರ್ಸೆಂಟ್ ಕನ್ನಡ ಇರಬೇಕೆಂದು ಎಸ್‌ಪಿ ರೋಡಿನ ಮಾರ್ವಾಡಿಯೊಡನೆ ಜಗಳವಾಡಿ ಬಂದವರು. ಎದುರಿಗೆ ನೂರಕ್ಕೆ ನೂರು ಕನ್ನಡ ನಿಂತಿದೆ. ಆದರೆ ಅದರ ಮೇಲೆ ಹೊದೆಸಿದ ಬಣ್ಣ ಬೇರೆ, ಕೂದಲು ಬೇರೆ. ಕಿವಿ ಒಂದು ಹೇಳುತ್ತಿದೆ, ಕಣ್ಣು ಇನ್ನೊಂದು ಹೇಳುತ್ತಿದೆ. ಕೊನೆಗೆ ಕಣ್ಣೇ ಗೆದ್ದು, "ಅಯ್ಯೋ, ಮರೆತೇಬಿಟ್ಟಿದ್ದೆ, ನಮ್ಮ ತಂಗಿ ಮಗ ಬರ್ತಾನಂತೆ ಈ ಮನೆಗೆ" ಅಂದುಬಿಡುತ್ತಾರೆ. ಬೆಂಗಳೂರಿನಲ್ಲಿ ಖಾಲಿ ಮನೆಗಳಿಗೆ ಬರಲಿರುವ ತಂಗಿ ಮಕ್ಕಳ ಲೆಕ್ಕ ಹಾಕಿದರೆ ಊರಿನ ಜನಸಂಖ್ಯೆ ದುಪ್ಪಟ್ಟಾದೀತು.

ದಾರಿಯಲ್ಲಿ ಬ್ರೋಕರ್ ಸಮಾಧಾನ ಹೇಳುತ್ತಾನೆ: "ಬಣ್ಣದ್ದಲ್ಲ ಗುರೂ. ಅಕ್ಕಪಕ್ಕದವರು ಏನಂತಾರೋ ಅಂತ ಅಷ್ಟೇ." ಅಕ್ಕಪಕ್ಕದವರನ್ನು ಕೇಳಿದರೆ ಅವರೂ ಇದನ್ನೇ ಹೇಳುತ್ತಾರೆ. ತಮ್ಮದೇನೂ ಇಲ್ಲ, ಅಕ್ಕಪಕ್ಕದವರದೇ ತೊಂದರೆ.

ಎಂಟುನೂರು ಚಿಲ್ಲರೆ ವರ್ಷಗಳ ಹಿಂದೆ, ಬಂದವನನ್ನು ಯಾರವನು ಅಂತ ಕೇಳಬೇಡಿ, ಮನೆಯ ಮಗನೆಂದುಕೊಳ್ಳಿ ಅಂದವರ ಹೆಸರನ್ನೇ ಆ ಬಡಾವಣೆಗೆ ಇಟ್ಟಿದ್ದಾರೆ. ಶಾಲೆಯ ವಾರ್ಷಿಕೋತ್ಸವದಲ್ಲಿ ಯಜಮಾನರ ಮೊಮ್ಮಗಳು ಅದನ್ನು ಬಾಯಿಪಾಠ ಹೇಳಿ ಬಹುಮಾನ ತಂದಿದ್ದಾಳೆ. ಷೋಕೇಸಿನಲ್ಲಿ ಕಪ್ ಇದೆ.

ನಗುವ ಮಾತು ಇಲ್ಲಿಗೆ ಒಂದು ಗಳಿಗೆ ನಿಲ್ಲಲಿ. 2016ರ ಜನವರಿ 31ರ ರಾತ್ರಿ, ಇದೇ ಪಡುವಣ ಬೆಂಗಳೂರಿನಿಂದ ಸ್ವಲ್ಪ ಮೇಲಕ್ಕೆ, ಹೆಸರಘಟ್ಟ ರಸ್ತೆಯ ಕಡೆ, ಸುಡಾನ್ ದೇಶದ ವಿದ್ಯಾರ್ಥಿಯೊಬ್ಬನ ಕಾರು ಗುದ್ದಿ ಒಬ್ಬ ಹೆಂಗಸು ಸತ್ತಳು. ಅರ್ಧ ಗಂಟೆಯ ಹೊತ್ತಿಗೆ ಅದೇ ದಾರಿಯಲ್ಲಿ ಬಂದ ಇನ್ನೊಂದು ಕಾರಿನಲ್ಲಿ ತಾಂಜಾನಿಯಾದ ವಿದ್ಯಾರ್ಥಿನಿ ಮತ್ತವಳ ಗೆಳೆಯರಿದ್ದರು. ಅಪಘಾತಕ್ಕೂ ಅವರಿಗೂ ಸಂಬಂಧವಿರಲಿಲ್ಲ. ಗುಂಪು ಅವರನ್ನು ಎಳೆದು ಹೊಡೆಯಿತು, ಹುಡುಗಿಯ ಬಟ್ಟೆ ಹರಿಯಿತು, ಕಾರಿಗೆ ಬೆಂಕಿ ಹಚ್ಚಿತು. ಇದು ಜನಾಂಗೀಯ ದಾಳಿಯಲ್ಲ ಎಂದು ಆಗಿನ ಗೃಹ ಸಚಿವರು ಹೇಳಿಕೆ ಕೊಟ್ಟರು. ಇರಬಹುದು. ಸುಡಾನಿನ ರಾಜಧಾನಿಗೂ ತಾಂಜಾನಿಯಾದ ದಾರ್ ಎಸ್ ಸಲಾಮ್‌ಗೂ ನಡುವೆ ಎರಡೂವರೆ ಸಾವಿರ ಕಿಲೋಮೀಟರ್. ಶ್ರೀನಗರದವನು ಮಾಡಿದ ತಪ್ಪಿಗೆ ಬೆಂಗಳೂರಿನವಳನ್ನು ಹಿಡಿದು ಹೊಡೆದರೆ ಅದಕ್ಕೆ ಏನು ಹೆಸರಿಡುತ್ತೇವೆ ಎಂಬುದನ್ನು ಹೇಳಿಕೆ ಕೊಡುವವರು ಮೊದಲೇ ಯೋಚಿಸಿಟ್ಟುಕೊಂಡರೆ ಒಳ್ಳೆಯದು. ಆ ಮಾರ್ಲಿ-ಗೊಮೊಂ ಹಳ್ಳಿಯವರು ಬಾಗಿಲು ಹಾಕಿಕೊಂಡರು, ಬೆನ್ನ ಹಿಂದೆ ಗುಸುಗುಸು ಅಂದರು. ಅವರನ್ನು ಗಮಾರರು ಅಂದವರು ನಾವು.

ಸರ್ಕಾರದ ಕಣ್ಣಿಗಾದರೂ ಸಿದ್ದಿಗಳು ಕಂಡರೇ ಅಂದರೆ, ಕಂಡರು. 1987ರ ಸುಮಾರಿಗೆ ಮಾರ್ಗರೆಟ್ ಆಳ್ವ ಕ್ರೀಡೆಯ ಮಂತ್ರಿಯಾಗಿದ್ದಾಗ, ಭಾರತೀಯ ಕ್ರೀಡಾ ಪ್ರಾಧಿಕಾರ ವಿಶೇಷ ಯೋಜನೆ ತಂದು ಸಿದ್ದಿ ಮಕ್ಕಳನ್ನು ಕಾಡಿನ ಹಾಡಿಗಳಿಂದ ಆರಿಸಿ ಅಥ್ಲೆಟಿಕ್ಸ್ ತರಬೇತಿಗೆ ಒಯ್ಯಿತು. ಆಫ್ರಿಕಾ ರಕ್ತ, ಓಡಲೇಬೇಕು, ಪದಕ ಬರಲೇಬೇಕು ಎಂಬ ಲೆಕ್ಕ. ಮಕ್ಕಳು ಓಡಿದರು, ಕಮಲಾ ಸಿದ್ದಿಯಂಥವರು ಹೆಸರನ್ನೂ ಮಾಡಿದರು. ಯೋಜನೆಯೇ ಕೆಲವು ವರ್ಷಗಳಲ್ಲಿ ಏದುಸಿರು ಬಿಟ್ಟು ಟ್ರ್ಯಾಕ್ ಬಿಟ್ಟಿತು. ನಾನೂರು ವರ್ಷ ಕಾಡಲ್ಲಿದ್ದವರನ್ನು ದೇಶ ಹುಡುಕಿಕೊಂಡು ಬಂದದ್ದು ಶಾಲೆ ಕಟ್ಟಿಸುವುದಕ್ಕಲ್ಲ, ಭೂಮಿಯ ಪಟ್ಟಾ ಕೊಡುವುದಕ್ಕಲ್ಲ. ಒಲಿಂಪಿಕ್ಸ್‌ಗೆ ಕಾಲು ಬೇಕಾಗಿತ್ತು. ಪರಿಶಿಷ್ಟ ಪಂಗಡದ ಪಟ್ಟಿಗೆ ಸೇರಲು ಅವರು 2003ರವರೆಗೆ ಕಾಯಬೇಕಾಯಿತು. ಅದೂ ಹೆಸರಿನ ಪಕ್ಕ ಆವರಣ ಹಾಕಿ: ಉತ್ತರ ಕನ್ನಡ ಜಿಲ್ಲೆಯಲ್ಲಿ. 2020ರಲ್ಲಿ ಆವರಣವನ್ನು ಒಂದಿಷ್ಟು ಅಗಲ ಮಾಡಿ ಬೆಳ­ಗಾವಿ, ಧಾರವಾಡವನ್ನೂ ಸೇರಿಸಿದರು. ಪಟ್ಟಿಯ ಪ್ರಕಾರ ಗಡಿಯ ಒಂದು ಮಗ್ಗುಲಿನ ಗುಡಿಸಲಲ್ಲಿರುವವನು ಸಿದ್ದಿ. ಎದುರು ಮಗ್ಗುಲಿನಲ್ಲಿ ಅವನ ಅಣ್ಣನ ಗುಡಿಸಲಿದ್ದರೆ ಅವನು ಯಾರೋ, ಪಟ್ಟಿಗೂ ಗೊತ್ತಿಲ್ಲ. ಬೆಂಗಳೂರಿಗೆ ಬಂದು ಇಳಿದವನು ಯಾರು ಅಂತ ಆಟೋದವನನ್ನೇ ಕೇಳಬೇಕು. ಅದೇ 2020ರಲ್ಲಿ ಶಾಂತಾರಾಮ ಸಿದ್ದಿ ವಿಧಾನ ಪರಿಷತ್ತಿಗೆ ನಾಮನಿರ್ದೇಶನಗೊಂಡರು. ಆ ಸಮುದಾಯದಿಂದ ಶಾಸನಸಭೆಯ ಮೆಟ್ಟಿಲು ಹತ್ತಿದ ಮೊದಲಿಗರು. ವಿಧಾನಸೌಧದಲ್ಲಿ ಕುರ್ಚಿ ಸಿಕ್ಕಿತು. ಹಾವನೂರು ಸರ್ಕಲ್ಲಿನ ಮೇಲ್ಮನೆಯದು ಕಷ್ಟದ ಮಾತು. ಅಲ್ಲಿ ರಾಜ್ಯಪಾಲರ ಸಹಿ ನಡೆಯುವುದಿಲ್ಲ.

ಸಿದ್ದಿಗಳನ್ನು ಕಾಲಿಗಾಗಿ ಹುಡುಕದೆ ದನಿಗಾಗಿ ಹುಡುಕಿದವರೂ ಇದ್ದರು ಅನ್ನುವುದನ್ನು ಹೇಳದಿದ್ದರೆ ಅನ್ಯಾಯವಾಗುತ್ತದೆ. ಎಂಬತ್ತರ ದಶಕದಲ್ಲಿ ನೀನಾಸಂ ರಂಗತಂಡದವರು ಮಂಚೀಕೇರಿಗೆ ಹೋದರು. ಚಿದಂಬರರಾವ್ ಜಂಬೆ ಅಲ್ಲಿನ ಸಿದ್ದಿಗಳ ಜೊತೆ ಕೂತು ನೈಜೀರಿಯಾದ ಚಿನುವಾ ಅಚಿಬೆಯ 'ಥಿಂಗ್ಸ್ ಫಾಲ್ ಅಪಾರ್ಟ್' ಕಾದಂಬರಿಯನ್ನು ಕನ್ನಡದ ರಂಗಕ್ಕೆ ತಂದರು. ಬಿಳಿಯರು ಬಂದು ಒಂದು ಊರಿನ ಬದುಕು ಮುರಿದುಬೀಳುವ ಆ ಕತೆಯನ್ನು, ಅಂಥದೇ ಊರಿನಿಂದ ಕಿತ್ತು ತಂದವರ ಮರಿಮಕ್ಕಳು ಕನ್ನಡದಲ್ಲಿ ಆಡಿದರು. ಕನ್ನಡ ರಂಗಭೂಮಿಯಲ್ಲಿ ನಡೆದ ದೊಡ್ಡ ಸಂಗತಿಗಳಲ್ಲಿ ಅದೊಂದು ಅಂತ ನನ್ನ ಎಣಿಕೆ. ನಮ್ಮ ಸಿನಿಮಾದವರಿಗೆ ಅದು ಗೊತ್ತಾಗಲು ಮೂರು ದಶಕ ಬೇಕಾಯಿತು. 2021ರ 'ಸಲಗ'ದಲ್ಲಿ ಗಿರಿಜಾ ಸಿದ್ದಿಯ ದನಿ ಕೇಳಿ ಊರೆಲ್ಲ ಕುಣಿಯಿತು. ರಾಜಾಜಿನಗರದ ಗಣೇಶನ ಪೆಂಡಾಲಿನಲ್ಲೂ ಅದೇ ಹಾಡು. ಕುಣಿದವರಲ್ಲಿ ಮನೆ ಓನರುಗಳೂ ಇದ್ದರು. ಹಾಡಿಗೆ ಅಡ್ವಾನ್ಸ್ ಕೇಳುವ ಪದ್ಧತಿಯಿಲ್ಲವಲ್ಲ.

ಇನ್ನು ಓದಲು ಬರುವ ಆಫ್ರಿಕಾದ ಹುಡುಗರ ವಿಷಯ. ಕೆಂಗೇರಿ, ಜ್ಞಾನಭಾರತಿ ಸುತ್ತಮುತ್ತ ಅವರನ್ನು ಕಾಣುವುದು ಹೊಸದೇನಲ್ಲ. ಕಾಲೇಜಿನವರು ಡಾಲರಿನಲ್ಲಿ ಫೀಸು ತೆಗೆದುಕೊಂಡು 'ಅಂತಾರಾಷ್ಟ್ರೀಯ' ಎಂದು ಬೋರ್ಡು ಹಾಕಿಕೊಳ್ಳುತ್ತಾರೆ. ಬ್ರೋಷರಿನಲ್ಲಿ ಅವರದೇ ನಗುಮುಖದ ಫೋಟೋ. ಸಂಜೆ ಅದೇ ಹುಡುಗರು ದಿನಸಿ ಅಂಗಡಿಗೆ ಬಂದರೆ ಎಳೆ ಮಕ್ಕಳನ್ನು ಒಳಗೆ ಕರೆದುಕೊಳ್ಳುತ್ತಾರೆ. ಬಾಡಿಗೆ ಮಾತ್ರ ಅವರಿಗೆ ಒಂದೂವರೆ ಪಟ್ಟು. ಇದರಲ್ಲಿ ಓನರುಗಳ ತರ್ಕ ನಿಖರವಾಗಿದೆ: ಒಪ್ಪದಿದ್ದರೆ ಅವನು ಆಫ್ರಿಕದವನು, ಒಪ್ಪಿದರೆ ಫಾರಿನರ್.

ಅತ್ತ ನಮ್ಮವರೇ ಪರವೂರಿನ ಡಾಕ್ಟರುಗಳಾದ ಕತೆ ಹೇಳಿದರೆ ಇವರೆಲ್ಲರ ಎದೆ ಉಬ್ಬುತ್ತದೆ. ಅರವತ್ತು ಎಪ್ಪತ್ತರ ದಶಕದಲ್ಲಿ ಮೈಸೂರು, ಮಣಿಪಾಲ, ಬೆಂಗಳೂರಿನ ಕಾಲೇಜುಗಳಲ್ಲಿ ಓದಿದ ಎಷ್ಟೋ ಜನ ಬ್ರಿಟನ್ನಿಗೆ ಹೋದರು. ವೇಲ್ಸಿನ ಕಲ್ಲಿದ್ದಲ ಕಣಿವೆಗಳಲ್ಲಿ ಬಿಳಿ ಡಾಕ್ಟರು ಇರಲೊಪ್ಪದ ಊರುಗಳ ಜನರ ಎದೆಗೆ ಸ್ಟೆತಸ್ಕೋಪ್ ಇಟ್ಟವರು ಭಾರತದಿಂದ ಹೋದವರು. ಅಲ್ಲೂ ಮೊದಮೊದಲು ಮುದುಕರು ಕೈ ಹಿಂತೆಗೆದುಕೊಂಡರು, ಬಾಡಿಗೆ ಮನೆಗಳ ಕಿಟಕಿಯಲ್ಲಿ ಕಪ್ಪು ಜನ ಬೇಡವೆಂಬ ಚೀಟಿ ಅಂಟಿರುತ್ತಿತ್ತು. ಕಪ್ಪು ಅಂದರೆ ಅಲ್ಲಿ ನಾವೂ ಸೇರಿ. ಆ ಚೀಟಿಯ ಕತೆಯನ್ನು ನಮ್ಮ ಯಜಮಾನರ ಭಾವನೇ ಪ್ರತಿ ಸಲ ಇಂಗ್ಲೆಂಡಿನಿಂದ ಬಂದಾಗಲೂ ಹೇಳುತ್ತಾರೆ. ಯಜಮಾನರು ಪ್ರತಿ ಸಲವೂ ಮುಷ್ಟಿ ಬಿಗಿದು, "ಎಂಥಾ ಅನ್ಯಾಯ ರೀ, ಮನುಷ್ಯರೇ ಅಲ್ವಾ ನಾವು?" ಅನ್ನುತ್ತಾರೆ. ಆಮೇಲೆ ಇಬ್ಬರೂ ಮುದ್ದೆ, ಹಿತಕಿದ ಬೇಳೆ ಸಾರು ಊಟ ಮಾಡುತ್ತಾರೆ.

ಮೇಲ್ಮನೆ ಕೊನೆಗೆ ಬಾಡಿಗೆಗೆ ಹೋಯಿತು. ತಂಗಿ ಮಗ ಬರಲಿಲ್ಲ. ಬಂದವನು ಫ್ರಾನ್ಸಿನವನು, ಯಾವುದೋ ಕಂಪನಿಯ ಕೆಲಸದ ಮೇಲೆ ಬಂದವನು. ಫ್ಯಾಮಿಲಿ ಇಲ್ಲ, ಬ್ಯಾಚುಲರ್. ಸಂಜೆ ಬಾಲ್ಕನಿಯಲ್ಲಿ ಕೂತು ವೈನ್ ಕುಡಿಯುತ್ತಾನೆ. ಭಾನುವಾರ ಏನೋ ಬೇಯಿಸುತ್ತಾನೆ, ಏನು ಅಂತ ಯಾರೂ ಕೇಳಿಲ್ಲ. ವಾಸನೆ ಬಂದಾಗ ಯಜಮಾನರ ಪತ್ನಿ ಊದುಬತ್ತಿ ಹಚ್ಚುತ್ತಾರೆ. ಕನ್ನಡ ಒಂದಕ್ಷರ ಬರುವುದಿಲ್ಲ. ಹತ್ತು ತಿಂಗಳ ಅಡ್ವಾನ್ಸ್ ಜಾಸ್ತಿಯಾಯಿತು ಅಂದದ್ದಕ್ಕೆ ಐದಕ್ಕೆ ಇಳಿಸಿದರು. "ಫಾರ್ಮ್ ಸಿ ತುಂಬಿದ್ರಾ ಸಾರ್?" ಅಂತ ಬ್ರೋಕರ್ ಕೇಳಿದ. "ಅಯ್ಯೋ, ಅವರನ್ನ ನೋಡಿದ್ರೆ ಗೊತ್ತಾಗಲ್ವಾ, ಡೀಸೆಂಟ್ ಜನ" ಅಂದರು ಯಜಮಾನರು. ಈಗ ದಿನಾ ಬೆಳಿಗ್ಗೆ ಗೇಟಿನ ಹತ್ತಿರ ಅವನನ್ನು ಕಂಡು "ಬೋಂಜೂರ್" ಅನ್ನುತ್ತಾರೆ. ಉಚ್ಚಾರ ಸರಿ ಬರಲೆಂದು ಮೊಮ್ಮಗಳ ಹತ್ತಿರ ಪಾಠ ಹೇಳಿಸಿಕೊಳ್ಳುತ್ತಿದ್ದಾರೆ.